ಸಂಕಲನ: ಫ್ರಾನ್ಸ್ವಾಜ್ ಬೊನೊ

ಚಿತ್ರಮಂದಿರದಲ್ಲಿ ದೀಪ ಆರಿ ತೆರೆಯ ಮೇಲೆ ಹೆಸರುಗಳು ಮೂಡತೊಡಗಿದಾಗ ನಮ್ಮಲ್ಲಿ ಬಹುಮಂದಿ ಮಾಡುವ ಕೆಲಸವೆಂದರೆ ಸೀಟು ಹುಡುಕುವುದು. ಟಾರ್ಚು ಹಿಡಿದವನ ಬೆನ್ನು ಹತ್ತಿ, ಮಕ್ಕಳನ್ನು ಮುಂದೆ ನೂಕಿಕೊಂಡು, ಮೊದಲೇ ಬಂದು ಕುಳಿತವರ ಪಾದಗಳನ್ನು ತುಳಿದು, ಅವರ ಗೊಣಗಾಟಕ್ಕೆ ಪಾತ್ರರಾಗಿ, ಅಂತೂ ಆಸನಸ್ಥರಾಗುವ ಹೊತ್ತಿಗೆ ನಾಯಕ ನಾಯಿಕೆಯರ ಹೆಸರುಗಳು ಬಂದು ಹೋಗಿರುತ್ತವೆ. ಗೀತರಚನೆ, ಸಂಗೀತ, ಛಾಯಾಗ್ರಹಣ ಇವೂ ಹೋಗಿರುತ್ತವೆ. ಇವುಗಳ ನಡುವೆ ಎಲ್ಲಿಯೋ ಒಂದು ಕ್ಷಣ 'ಸಂಕಲನ' ಎಂಬ ಮಾತೂ ಅದರ ಕೆಳಗೆ ಒಂದು ಹೆಸರೂ ಮಿನುಗಿ ಮರೆಯಾಗುತ್ತದೆ. ಅದನ್ನು ಓದಿದವರು ನೂರಕ್ಕೆ ಒಬ್ಬರಾದರೂ ಇದ್ದಾರೆಯೋ ಇಲ್ಲವೋ.

ಆ ಒಬ್ಬರು ನಮ್ಮ ಮನೆಯಲ್ಲಿಯೇ ಇರುವರೆಂದು ನನಗೆ ಇತ್ತೀಚೆಗೆ ತಿಳಿಯಿತು. ಐದನೆಯ ತರಗತಿಯಲ್ಲಿ ಓದುವ ನನ್ನ ಮೊಮ್ಮಗಳು ಚಿತ್ರದ ಆರಂಭದಲ್ಲಿಯೇ ನನ್ನ ತೋಳು ಜಗ್ಗಿ, "ತಾತ, ಸಂಕಲನ ಎಂದರೆ ಕೂಡುವ ಲೆಕ್ಕ ಅಲ್ಲವೇ? ಸಿನಿಮಾದಲ್ಲಿ ಲೆಕ್ಕ ಮಾಡುವವರು ಯಾರು?" ಎಂದು ಕೇಳಿದಳು. ಹಿಂದಿನ ಸಾಲಿನವರು ನಕ್ಕರು. ನಾನೂ ನಕ್ಕೆ. ಮನೆಗೆ ಬಂದ ಮೇಲೆ ಯೋಚಿಸಿದರೆ ಮಗುವಿನ ಮಾತಿನಲ್ಲಿ ನಗುವಂತಹುದೇನೂ ಇರಲಿಲ್ಲ. ಇಂಗ್ಲಿಷಿನವರು ಈ ಕಸುಬಿಗೆ ಆಡುಮಾತಿನಲ್ಲಿ ಕತ್ತರಿಸುವುದೆಂಬ ಅರ್ಥ ಬರುವ ಹೆಸರನ್ನಿಟ್ಟಿದ್ದಾರೆ. ಫ್ರೆಂಚರು 'ಮೊಂತಾಜ್' ಎನ್ನುತ್ತಾರೆ. ಬಿಡಿಭಾಗಗಳನ್ನು ಒಂದಕ್ಕೊಂದು ಕೂಡಿಸಿ ನಿಲ್ಲಿಸುವುದೆಂದು ಅದರ ಅರ್ಥ. ಒಬ್ಬರು ಕಳೆಯುವುದನ್ನು ಕಂಡರು, ಇನ್ನೊಬ್ಬರು ಕೂಡುವುದನ್ನು ಕಂಡರು. ನಮ್ಮ ಕನ್ನಡದ ಮಾತು, ಯಾರು ಯೋಚಿಸಿ ಇಟ್ಟರೋ ತಿಳಿಯದು, ಫ್ರೆಂಚರ ಪಕ್ಷಕ್ಕೆ ಸೇರಿದೆ.

ಆದುದರಿಂದ ಈ ವಾರ ಈ ಕೂಡುವ ಲೆಕ್ಕದಲ್ಲಿ ಸುಮಾರು ಐವತ್ತು ವರ್ಷ ಕೈ ಪಳಗಿಸಿದ ಒಬ್ಬ ಫ್ರೆಂಚ್ ಮಹಿಳೆಯ ವಿಷಯ ಬರೆಯುತ್ತೇನೆ. ಆಕೆಯ ಹೆಸರು ಫ್ರಾನ್ಸ್ವಾಜ್ ಬೊನೊ. ಹುಟ್ಟಿದ್ದು ೧೯೩೯ರ ಆಗಸ್ಟ್ ತಿಂಗಳಿನಲ್ಲಿ, ಪ್ಯಾರಿಸ್ ನಗರಕ್ಕೆ ಅಂಟಿಕೊಂಡಿರುವ ಬ್ವಾ-ಕೊಲೊಂಬ್ ಎಂಬ ಊರಿನಲ್ಲಿ. ಎರಡನೆಯ ಮಹಾಯುದ್ಧ ಆರಂಭವಾಗಲು ಎರಡು ವಾರ ಉಳಿದಿತ್ತು. ಈ ಸಂಗತಿಯನ್ನು ವಾಚಕರು ನೆನಪಿನಲ್ಲಿಟ್ಟುಕೊಳ್ಳಬೇಕು. ಮುಂದೆ ಇದರ ಪ್ರಯೋಜನ ಬರುತ್ತದೆ.

ಆಕೆಗೆ ಈ ವಿದ್ಯೆ ಬಂದುದು ತಾಯಿಯಿಂದ. ತಾಯಿ ಮೋನಿಕ್ ಬೊನೊ ಸ್ವತಃ ಸಂಕಲನಕಾರ್ತಿ. ಝಾನ್ ಪಿಯೆರ್ ಮೆಲ್ವಿಲ್ ಎಂಬ ಪ್ರಸಿದ್ಧ ದಿಗ್ದರ್ಶಕನ 'ಬಾಬ್ ಲ ಫ್ಲಾಂಬರ್', 'ಲ ಸಾಮುರಾಯ್' ಮೊದಲಾದ ಚಿತ್ರಗಳ ಸಂಕಲನದಲ್ಲಿ ಆಕೆಯ ಹೆಸರಿದೆ. ನಮ್ಮಲ್ಲಿ ಅಡಿಗೆಯ ಹದವನ್ನು ಮಗಳು ತಾಯಿಯ ಪಕ್ಕದಲ್ಲಿ ನಿಂತೇ ಕಲಿಯುವಂತೆ, ಫ್ರಾನ್ಸ್ವಾಜ್ ಸಂಕಲನದ ಕೊಠಡಿಯಲ್ಲಿ ತಾಯಿಗೆ ಸಹಾಯಕಿಯಾಗಿ ನಿಂತು ಕಲಿತಳು. ಹೆಂಗಸರು ಈ ಕೆಲಸದಲ್ಲಿರುವುದು ಫ್ರಾನ್ಸಿನಲ್ಲಿ ಹೊಸದೇನಲ್ಲ. ಚಲಚ್ಚಿತ್ರ ಇನ್ನೂ ತೊಟ್ಟಿಲಿನಲ್ಲಿದ್ದ ಕಾಲದಿಂದಲೂ ಫಿಲ್ಮಿನ ತುಂಡುಗಳನ್ನು ಅಂಟಿಸುವ, ಅವುಗಳಿಗೆ ಕೈಯಿಂದ ಬಣ್ಣ ಕಟ್ಟುವ ಕೆಲಸಕ್ಕೆ ಅಲ್ಲಿ ಹೆಂಗಸರನ್ನೇ ನೇಮಿಸುತ್ತಿದ್ದರು. ಹೊಲಿಗೆಯಂತಹ ಸಣ್ಣ ಕೆಲಸ, ಹೆಣ್ಣುಮಕ್ಕಳಿಗೆ ಸರಿ ಎಂದು ಯಜಮಾನರ ಭಾವನೆ. ಸಂಬಳವೂ ಅದಕ್ಕೆ ತಕ್ಕಂತೆ. ಆದರೆ ಕಥೆಯ ಜೀವ ಎಲ್ಲಿ ಮಿಡಿಯುತ್ತದೆಂಬುದನ್ನು ಆ ಸಣ್ಣ ಕೆಲಸದವರು ಸದ್ದಿಲ್ಲದೆ ಕಲಿತುಬಿಟ್ಟರು. ರೆನ್ವಾರ್‌ನ 'ಆಟದ ನಿಯಮ'ವನ್ನು ಜೋಡಿಸಿದವಳು ಮಾರ್ಗರೀತ್, ಗೊದಾರ್‌ನ ಹಲವು ಚಿತ್ರಗಳನ್ನು ಜೋಡಿಸಿದವಳು ಆಗ್ನೆಸ್ ಗಿಯೆಮೊ, ರೊಮೇರ್‌ನವನ್ನು ಸೆಸಿಲ್ ದೆಕ್ಯುಜಿ. ದಿಗ್ದರ್ಶಕರ ಹೆಸರನ್ನು ಬಲ್ಲವರು ಲಕ್ಷ, ಇವರ ಹೆಸರನ್ನು ಬಲ್ಲವರು ಬೆರಳೆಣಿಕೆ.

ಆ ಕೊಠಡಿ ಹೇಗಿರುತ್ತಿತ್ತೆಂದು ಸ್ವಲ್ಪ ಹೇಳಬೇಕು. ಈಗ ಎಲ್ಲವೂ ಗಣಕಯಂತ್ರದ ಒಳಗೆ ನಡೆಯುತ್ತದೆ. ಬೆರಳೊತ್ತಿದರೆ ಕತ್ತರಿಸಿದ್ದು ಮತ್ತೆ ಕೂಡಿಕೊಳ್ಳುತ್ತದೆ. ಅಂದು ಹಾಗಿರಲಿಲ್ಲ. ಮೂವತ್ತೈದು ಮಿಲಿಮೀಟರ್ ಅಗಲದ ಫಿಲ್ಮಿನ ಸುರುಳಿ. ಅದರಲ್ಲಿ ಒಂದು ಅಡಿಗೆ ೧೬ ಚಿತ್ರಗಳು. ತೆರೆಯ ಮೇಲೆ ಒಂದು ಸೆಕೆಂಡಿಗೆ ಓಡುವುದು ೨೪ ಚಿತ್ರಗಳು. ಅಂದರೆ ಒಂದು ನಿಮಿಷಕ್ಕೆ ೯೦ ಅಡಿ. ಎರಡು ಗಂಟೆಯ ಚಿತ್ರಕ್ಕೆ ೧೦,೮೦೦ ಅಡಿ. ಇದು ಕೊನೆಯಲ್ಲಿ ಉಳಿಯುವ ಮೊತ್ತ. ಚಿತ್ರೀಕರಣದಿಂದ ಬರುವುದು ಇದರ ಹಲವು ಪಟ್ಟು. ಧ್ವನಿಯ ಪಟ್ಟಿ ಬೇರೆ, ಚಿತ್ರದ ಪಟ್ಟಿ ಬೇರೆ. ಚಿತ್ರೀಕರಣದ ವೇಳೆ 'ಕ್ಲಾಪ್' ಹಲಗೆಯನ್ನು ಟಪ್ಪೆಂದು ಬಡಿಯುತ್ತಾರಲ್ಲ, ಅದು ಶುಭ ಶಕುನಕ್ಕಲ್ಲ. ಆ ಬಡಿತದ ಸದ್ದನ್ನೂ ಆ ಬಡಿತದ ಚಿತ್ರವನ್ನೂ ಒಂದೇ ಗೆರೆಗೆ ತಂದು ತುಟಿಗೂ ಮಾತಿಗೂ ಹೊಂದಿಕೆ ಮಾಡುವುದು ಈ ಕೊಠಡಿಯ ಮೊದಲ ಕೆಲಸ. ಬೆರಳಿನ ಗುರುತು ಬೀಳದಿರಲೆಂದು ಕೈಗೆ ಬಿಳಿಯ ಹತ್ತಿಯ ಕವಚ. ಎಲ್ಲಿ ಕತ್ತರಿಸಬೇಕೋ ಅಲ್ಲಿ ಮೇಣದ ಪೆನ್ಸಿಲಿನಿಂದ ಒಂದು ಗೀರು. ಕತ್ತರಿಸಿ ತೆಗೆದ ತುಂಡುಗಳನ್ನು ಬಿಸಾಡುವಂತಿಲ್ಲ. ಅವು ಒಗೆದು ಹರವಿದ ಬಟ್ಟೆಗಳಂತೆ ಮೊಳೆಗಳಿಂದ ಇಳಿಬಿದ್ದಿರುತ್ತವೆ. ಅರ್ಧ ಸೆಕೆಂಡಿನ ನೋಟವೊಂದು, ಹನ್ನೆರಡೇ ಚಿತ್ರಗಳ ತುಂಡು, ಮೂರು ದಿನದ ಬಳಿಕ ಬೇಕೆನಿಸಿದರೆ ಆ ಬಟ್ಟೆಯ ಕಾಡಿನಲ್ಲಿ ಅದನ್ನು ಹುಡುಕಿ ತೆಗೆಯಬೇಕು. ಎಲ್ಲಿದೆಯೆಂಬ ನೆನಪೇ ಅಲ್ಲಿ ಬಂಡವಾಳ.

ಮೊದಲ ವರ್ಷಗಳಲ್ಲಿ ಆಕೆ ಸಂಕಲಿಸಿದ್ದು ಹೆಚ್ಚಾಗಿ ಹೆನ್ರಿ ವೆರ್ನೇಯ್ ಎಂಬ ಜನಪ್ರಿಯ ದಿಗ್ದರ್ಶಕನ ಚಿತ್ರಗಳು. ಆತನನ್ನು ಆಕೆ ವಿವಾಹವಾಗಿದ್ದುದೂ ಉಂಟು. ಮುದುಕ ಝಾನ್ ಗಾಬೆನನ್ನೂ ತರುಣ ಬೆಲ್ಮೊಂಡೊನನ್ನೂ ಎದುರುಬದುರು ಕೂಡಿಸಿದ 'ಚಳಿಗಾಲದಲ್ಲೊಂದು ಕೋತಿ' ೧೯೬೨ರದು. ಅದರಲ್ಲಿ ತಾಯಿ ಮಗಳ ಹೆಸರು ಜೊತೆಯಲ್ಲಿವೆ. ಮರುವರ್ಷ ಗಾಬೆ ಮತ್ತು ಅಲೆನ್ ದೆಲೊನ್ ಇರುವ ದರೋಡೆಯ ಕಥೆ ಬಂದಿತು. ಇವು ಮನರಂಜನೆಯ ಚಿತ್ರಗಳು, ಚೆನ್ನಾಗಿ ಓಡಿದ ಚಿತ್ರಗಳು. ಇವುಗಳಲ್ಲಿ ಆಕೆಯ ಕೈ ನುರಿಯಿತು ಎಂದಷ್ಟೇ ಹೇಳಿ ಮುಂದೆ ಸಾಗುತ್ತೇನೆ, ಏಕೆಂದರೆ ನನಗೆ ಬರೆಯಬೇಕೆನಿಸಿರುವುದು ೧೯೬೯ನೆಯ ಇಸವಿಯ ವಿಷಯ.

ಆ ಒಂದು ವರ್ಷದಲ್ಲಿ ಫ್ರಾನ್ಸ್ವಾಜ್ ಬೊನೊ ಸಂಕಲಿಸಿದ ಎರಡು ಚಿತ್ರಗಳು ತೆರೆ ಕಂಡವು. ಎರಡರ ವಸ್ತುವೂ ಅಧಿಕಾರದ ಅನ್ಯಾಯವನ್ನು ಎದುರಿಸಿದವರ ಕಥೆ. ಆದರೆ ಒಂದು ಜಿಂಕೆಯಂತೆ ಓಡುತ್ತದೆ. ಇನ್ನೊಂದು ಶವದ ಮೆರವಣಿಗೆಯಂತೆ ನಡೆಯುತ್ತದೆ. ಒಂದಕ್ಕೆ ಲೋಕದ ಕೀರ್ತಿಯೆಲ್ಲವೂ ಬಂದಿತು. ಇನ್ನೊಂದನ್ನು ಸ್ವದೇಶದವರೇ ಕಡೆಗಣಿಸಿದರು.

ಮೊದಲನೆಯದರ ಹೆಸರು ಒಂದೇ ಅಕ್ಷರ: 'ಝಡ್'. ಇದರ ಹಿಂದಿನ ಕಥೆ ನಿಜವಾಗಿ ನಡೆದದ್ದು. ಗ್ರೀಸ್ ದೇಶದಲ್ಲಿ ಗ್ರಿಗೋರಿಸ್ ಲಾಂಬ್ರಾಕಿಸ್ ಎಂಬ ಲೋಕಸಭೆಯ ಸದಸ್ಯನಿದ್ದ. ವೃತ್ತಿಯಿಂದ ವೈದ್ಯ, ತರುಣನಾಗಿದ್ದಾಗ ಹೆಸರಾಂತ ಉದ್ದ ಜಿಗಿತದ ಪಟು. ೧೯೬೩ರ ಮೇ ೨೨ರಂದು ಥೆಸಲೋನಿಕಿ ನಗರದಲ್ಲಿ ಶಾಂತಿಸಭೆಯೊಂದರಲ್ಲಿ ಮಾತನಾಡಿ ಹೊರಬಂದಾಗ, ಪೋಲೀಸರು ನೋಡುತ್ತಿದ್ದಂತೆಯೇ, ಮೂರು ಚಕ್ರದ ವಾಹನವೊಂದು ನುಗ್ಗಿಬಂದು, ಅದರ ಹಿಂಭಾಗದಲ್ಲಿದ್ದವನು ಆತನ ತಲೆಗೆ ದೊಣ್ಣೆಯಿಂದ ಹೊಡೆದ. ಐದು ದಿನದ ಬಳಿಕ ಆತ ಸತ್ತ. ರಸ್ತೆ ಅಪಘಾತವೆಂದು ಸರ್ಕಾರಿ ಮಾತು. ತನಿಖೆಗೆ ನೇಮಕವಾದ ತರುಣ ನ್ಯಾಯಾಧಿಕಾರಿ ಕ್ರಿಸ್ಟೋಸ್ ಸಾರ್ಟ್ಜೆಟಾಕಿಸ್ ಮಾತ್ರ ಆ ಮಾತನ್ನು ಒಪ್ಪಲಿಲ್ಲ. ಎಳೆ ಹಿಡಿದು ಹೋಗಿ ಪೋಲೀಸ್ ಉನ್ನತಾಧಿಕಾರಿಗಳ ಮೇಲೆಯೇ ಆರೋಪ ಹೊರಿಸಿದ. ೧೯೬೭ರ ಏಪ್ರಿಲಿನಲ್ಲಿ ಸೇನೆಯ ಕರ್ನಲ್‌ಗಳು ರಾಜ್ಯವನ್ನು ಕಿತ್ತುಕೊಂಡರು. ನ್ಯಾಯಾಧಿಕಾರಿಯೇ ಸೆರೆಮನೆ ಸೇರಿದ.

ವಾಸಿಲಿಸ್ ವಾಸಿಲಿಕೋಸ್ ಬರೆದ ಕಾದಂಬರಿಯನ್ನು ಆಧರಿಸಿ, ಫ್ರಾನ್ಸಿನಲ್ಲಿ ನೆಲಸಿದ್ದ ಗ್ರೀಕ್ ಸಂಜಾತ ಕೋಸ್ಟಾ ಗಾವ್ರಾಸ್ ಇದನ್ನು ಚಿತ್ರ ಮಾಡಿದ. ಗ್ರೀಸಿನಲ್ಲಿ ಕಾಲಿಡುವಂತಿರಲಿಲ್ಲವಾಗಿ ಚಿತ್ರೀಕರಣ ಅಲ್ಜೀರಿಯಾ ದೇಶದ ಆಲ್ಜಿಯರ್ಸ್ ನಗರದಲ್ಲಿ ನಡೆಯಿತು. ಸಂಗೀತ ಮಿಕಿಸ್ ಥಿಯೊಡೊರಾಕಿಸ್‌ನದು; ಆತ ಆಗ ಕರ್ನಲ್‌ಗಳ ಬಂಧನದಲ್ಲಿದ್ದ. ಕಥೆಯಲ್ಲಿ ಬರುವ ವ್ಯಕ್ತಿಗಳಿಗೂ ನಿಜ ವ್ಯಕ್ತಿಗಳಿಗೂ ಹೋಲಿಕೆ ಕಂಡರೆ ಅದು ಆಕಸ್ಮಿಕವೆಂದು ಚಿತ್ರಗಳ ಆರಂಭದಲ್ಲಿ ಬರೆಯುವುದು ಪದ್ಧತಿಯಷ್ಟೆ? ಈ ಚಿತ್ರದ ಆರಂಭದಲ್ಲಿ, ಹೋಲಿಕೆ ಆಕಸ್ಮಿಕವಲ್ಲ, ಉದ್ದೇಶಪೂರ್ವಕ ಎಂಬ ಒಕ್ಕಣೆ ಇದೆ. ಇಷ್ಟು ಧೈರ್ಯ ಮಾಡಿದ ಮೇಲೆ ಚಿತ್ರ ಬೇಸರ ತರಿಸಿದರೆ ಕೆಟ್ಟಿತು. ಸತ್ಯವಾದ ಕಥೆಯಾದರೂ ಜನ ಎದ್ದುಹೋದರೆ ಕರ್ನಲ್‌ಗಳೇ ಗೆದ್ದಂತೆ.

ಜನ ಎದ್ದುಹೋಗಲಿಲ್ಲ. ಅದು ಸಂಕಲನದ ಮಹಿಮೆ ಎಂದು ನಾನು ತಿಳಿದಿದ್ದೇನೆ. ಚಿತ್ರದ ಅವಧಿ ೧೨೭ ನಿಮಿಷ. ಅದರಲ್ಲಿ ಒಂದು ಭಾಗವೆಲ್ಲಾ ಒಬ್ಬ ನ್ಯಾಯಾಧಿಕಾರಿ ಮೇಜಿನ ಹಿಂದೆ ಕುಳಿತು ಪ್ರಶ್ನೆ ಕೇಳುವುದೇ. ಬೇರೆಯವರ ಕೈಯಲ್ಲಿ ಅದು ಕಚೇರಿಯ ಕಡತದಂತಾಗುತ್ತಿತ್ತು. ಇಲ್ಲಿ ಹಾಗಾಗದಿರಲು ಕಾರಣಗಳಲ್ಲಿ ಒಂದು, ನೆನಪುಗಳನ್ನು ತೋರಿಸುವ ರೀತಿ. ನಮ್ಮ ಚಿತ್ರಗಳಲ್ಲಿ ಪಾತ್ರವೊಂದಕ್ಕೆ ಹಿಂದಿನದು ನೆನಪಾಗಬೇಕಾದರೆ ಎಷ್ಟು ಸಿದ್ಧತೆ ಬೇಕು! ಕಣ್ಣು ದೂರಕ್ಕೆ ನೋಡಬೇಕು, ವೀಣೆ ಮಿಡಿಯಬೇಕು, ತೆರೆ ಅಲೆಅಲೆಯಾಗಬೇಕು. 'ಝಡ್' ಚಿತ್ರದಲ್ಲಿ ಆಸ್ಪತ್ರೆಗೆ ಬಂದ ಪತ್ನಿ, ಐರೀನ್ ಪಪಾಸ್ ಎಂಬ ಮಹಾನಟಿ, ಗಂಡನ ಬಳಕೆಯ ವಸ್ತುಗಳ ನಡುವೆ ನಿಂತಾಗ ಅವರ ಬಾಳಿನ ತುಣುಕುಗಳು ಬಂದು ಹೋಗುತ್ತವೆ. ಬಂದವೆಂದು ತಿಳಿಯುವುದರೊಳಗೆ ಹೋಗಿರುತ್ತವೆ. ಕೆಲವಂತೂ ಒಂದು ಸೆಕೆಂಡೂ ನಿಲ್ಲುವುದಿಲ್ಲ. ಮುನ್ಸೂಚನೆಯಿಲ್ಲ, ವಿವರಣೆಯಿಲ್ಲ. ನಿಜವಾಗಿ ದುಃಖದಲ್ಲಿರುವವರಿಗೆ ನೆನಪು ಬರುವುದು ಹೀಗೆಯೇ ಅಲ್ಲವೇ? ಸತ್ತವರ ಕನ್ನಡಕ ಕಣ್ಣಿಗೆ ಬಿದ್ದೊಡನೆ ಮುಖ ಮಿಂಚಿ ಮರೆಯಾಗುತ್ತದೆ; ವೀಣೆಯೇನೂ ಮಿಡಿಯುವುದಿಲ್ಲ.

ಇನ್ನೊಂದು ಭಾಗವನ್ನು ನಾನು ಮತ್ತೆ ಮತ್ತೆ ನೋಡಿದ್ದೇನೆ. ಕೊನೆಯ ಹಂತದಲ್ಲಿ ನ್ಯಾಯಾಧಿಕಾರಿ ಅಧಿಕಾರಿಗಳನ್ನು ಒಬ್ಬೊಬ್ಬರಾಗಿ ಕರೆಸಿ ಆರೋಪ ಹೊರಿಸುವ ಸನ್ನಿವೇಶ. ಎದೆಯ ಮೇಲೆ ಪದಕಗಳ ಸಾಲು ಹೊತ್ತ ಮಹನೀಯನೊಬ್ಬ ಒಳಗೆ ಬರುತ್ತಾನೆ. ಹೆಸರು, ಉದ್ಯೋಗ ಎಂಬ ಪ್ರಶ್ನೆ. ಬೆರಳಚ್ಚು ಯಂತ್ರದ ಟಕಟಕ ಸದ್ದು. ಆತ ಕೆಂಪಾಗಿ ಎದ್ದು ಹೊರಟು, ತಪ್ಪು ಬಾಗಿಲಿನ ಹಿಡಿ ತಿರುಗಿಸುತ್ತಾನೆ, ಅದಕ್ಕೆ ಬೀಗ. ಹೊರಗೆ ಪತ್ರಿಕೆಯ ಛಾಯಾಗ್ರಾಹಕ ಕಾದಿದ್ದಾನೆ. ಅಷ್ಟರಲ್ಲಿ ಇನ್ನೊಬ್ಬ, ಮತ್ತೆ ಪದಕಗಳು, ಮತ್ತೆ ಟಕಟಕ, ಮತ್ತೆ ಅದೇ ಬೀಗದ ಬಾಗಿಲು. ಪ್ರತಿ ಸಲವೂ ಹಿಂದಿನದರ ಲಯ ನಮ್ಮ ಕಿವಿಯಲ್ಲಿ ಕುಳಿತಿರುವುದರಿಂದ ಮುಂದಿನದನ್ನು ನಾವೇ ನಿರೀಕ್ಷಿಸಿ ನಗತೊಡಗುತ್ತೇವೆ. ಹರಿಕಥೆಯಲ್ಲಿ ದಾಸರು ಒಂದೇ ಪಲ್ಲವಿಯನ್ನು ಹಿಡಿದು ಸಭೆಯನ್ನು ಕುಣಿಸುವುದಿಲ್ಲವೇ, ಹಾಗೆ. ಆಮೇಲೆ ಆ ನಗೆ ಇದ್ದಕ್ಕಿದ್ದಂತೆ ಗಂಟಲಿನಲ್ಲಿ ನಿಲ್ಲುತ್ತದೆ. ಸಾಕ್ಷಿಗಳು ಒಬ್ಬೊಬ್ಬರಾಗಿ ಸತ್ತದ್ದು, ಅಪರಾಧಿಗಳಿಗೆ ಹಗುರವಾದ ಶಿಕ್ಷೆಯಾದದ್ದು, ಹೊಸ ಸರ್ಕಾರ ಏನೇನನ್ನು ನಿಷೇಧಿಸಿತೆಂಬ ಪಟ್ಟಿ ಇವು ವರದಿಯಂತೆ ಬಂದು ಚಿತ್ರ ಮುಗಿಯುತ್ತದೆ. ಆ ಪಟ್ಟಿಯಲ್ಲಿ ಸೋಫೊಕ್ಲಿಸ್ ಮಹಾಕವಿಯೂ ಇದ್ದಾನೆ, ಚಿತ್ರದ ಹೆಸರಾದ ಆ ಅಕ್ಷರವೂ ಇದೆ. ಗ್ರೀಕರಲ್ಲಿ ಅದಕ್ಕೆ 'ಅವನು ಬದುಕಿದ್ದಾನೆ' ಎಂಬ ಅರ್ಥ ಬಂದಿತ್ತು.

೧೯೬೯ರ ಕಾನ್ ಉತ್ಸವದಲ್ಲಿ ಚಿತ್ರಕ್ಕೆ ತೀರ್ಪುಗಾರರ ಬಹುಮಾನ ಬಂದಿತು. ನ್ಯಾಯಾಧಿಕಾರಿಯ ಪಾತ್ರ ವಹಿಸಿದ ಟ್ರಾಂಟಿನ್ಯಾನ್‌ಗೆ ಶ್ರೇಷ್ಠ ನಟನೆಂಬ ಮನ್ನಣೆ. ಮರುವರ್ಷದ ಏಪ್ರಿಲಿನಲ್ಲಿ ಹಾಲಿವುಡ್ಡಿನ ಆಸ್ಕರ್ ಸಮಾರಂಭ. 'ಝಡ್' ಅಲ್ಜೀರಿಯಾದ ಪರವಾಗಿ ಶ್ರೇಷ್ಠ ವಿದೇಶೀ ಭಾಷಾ ಚಿತ್ರವೆನಿಸಿತು. ಅದಲ್ಲದೆ ಸಂಕಲನದ ಬಹುಮಾನವನ್ನೂ, 'ಹಲೋ ಡಾಲಿ', 'ಮಿಡ್‌ನೈಟ್ ಕೌಬಾಯ್' ಮೊದಲಾದ ಅಮೆರಿಕದ ಭಾರಿ ಚಿತ್ರಗಳನ್ನು ಹಿಂದೆ ಹಾಕಿ, ಮೂವತ್ತು ವರ್ಷದ ಫ್ರಾನ್ಸ್ವಾಜ್ ಬೊನೊ ಪಡೆದಳು. ಭಾಷೆ ತಿಳಿಯದವರು ಕೂಡ, ಬಹುಶಃ ಭಾಷೆ ತಿಳಿಯದಿದ್ದುದರಿಂದಲೇ, ಆ ಲಯವನ್ನು ಗುರುತಿಸಿದರು. ಅಂದಹಾಗೆ, ಇದೇ ಕಾದಂಬರಿಯನ್ನು ಆಧರಿಸಿ ೨೦೧೨ರಲ್ಲಿ ನಮ್ಮ ದೇಶದಲ್ಲಿಯೇ 'ಶಾಂಘೈ' ಎಂಬ ಹಿಂದೀ ಚಿತ್ರ ಬಂದುದನ್ನು ಕೆಲವು ವಾಚಕರು ನೋಡಿರಬಹುದು. ಸೆರೆಮನೆ ಕಂಡ ಆ ನ್ಯಾಯಾಧಿಕಾರಿಯ ಮುಂದಿನ ಕಥೆಯನ್ನೂ ಹೇಳಿಬಿಡುತ್ತೇನೆ: ಕರ್ನಲ್‌ಗಳು ೧೯೭೪ರಲ್ಲಿ ಉರುಳಿದರು, ಸಾರ್ಟ್ಜೆಟಾಕಿಸ್ ೧೯೮೫ರಲ್ಲಿ ಗ್ರೀಸಿನ ರಾಷ್ಟ್ರಾಧ್ಯಕ್ಷನಾದ.

ಈಗ ಎರಡನೆಯ ಚಿತ್ರ. ಹೆಸರು 'ನೆರಳುಗಳ ಸೇನೆ'. ತಾಯಿಯ ಹಳೆಯ ದಿಗ್ದರ್ಶಕನಾದ ಮೆಲ್ವಿಲ್ ಈಗ ಮಗಳನ್ನು ಕರೆದಿದ್ದ. ಜರ್ಮನರು ಫ್ರಾನ್ಸನ್ನು ಆಕ್ರಮಿಸಿದ್ದ ಕಾಲದಲ್ಲಿ ಗುಪ್ತವಾಗಿ ಹೋರಾಡಿದವರ ಕಥೆ. ಜೋಸೆಫ್ ಕೆಸೆಲ್ ೧೯೪೩ರಲ್ಲಿಯೇ ಪ್ರಕಟಿಸಿದ ಪುಸ್ತಕ ಇದಕ್ಕೆ ಆಧಾರ. ಮೆಲ್ವಿಲ್ ಸ್ವತಃ ಆ ಹೋರಾಟದಲ್ಲಿದ್ದವನು. ಫ್ರಾನ್ಸ್ವಾಜ್ ಆ ಯುದ್ಧದ ಹೊಸ್ತಿಲಿನಲ್ಲಿ ಹುಟ್ಟಿದ ಕೂಸು. ಒಬ್ಬನದು ಅನುಭವ, ಒಬ್ಬಳದು ಕೇಳಿ ತಿಳಿದ ಬಾಲ್ಯ. ಇಬ್ಬರೂ ಕೊಠಡಿಯಲ್ಲಿ ಕುಳಿತು ಸುಮಾರು ೧೪೫ ನಿಮಿಷದ ಚಿತ್ರವನ್ನು ಕಟ್ಟಿದರು.

ಇಲ್ಲಿ ಓಟವಿಲ್ಲ. ನೋಡಬೇಕಾದದ್ದು ಮುಗಿದ ಮೇಲೂ ಕತ್ತರಿ ಬೀಳುವುದಿಲ್ಲ. ಉದಾಹರಣೆಗೆ ಒಂದು ಕ್ಷೌರದ ಅಂಗಡಿ. ಗೆಸ್ಟಾಪೊ ಪೋಲೀಸರ ಕೈಯಿಂದ ತಪ್ಪಿಸಿಕೊಂಡು ರಾತ್ರಿಯ ಬೀದಿಗಳಲ್ಲಿ ಓಡಿಬಂದ ನಾಯಕ, ಲಿನೊ ವೆಂಚುರಾ, ಕಣ್ಣಿಗೆ ಬಿದ್ದ ಕ್ಷೌರದ ಅಂಗಡಿಗೆ ನುಗ್ಗಿ, ಮುಖಕ್ಷೌರ ಆಗಬೇಕು ಎನ್ನುತ್ತಾನೆ. ಅವೇಳೆ. ಮೈಯೆಲ್ಲಾ ಬೆವರು. ಗೋಡೆಯ ಮೇಲೆ ಜರ್ಮನರೊಡನೆ ಕೈಗೂಡಿಸಿದ ಮಾರ್ಷಲ್ ಪೆತ್ಯಾನ್‌ನ ಪರವಾದ ಭಿತ್ತಿಪತ್ರ. ಕ್ಷೌರಿಕ ಮಾತನಾಡುವುದಿಲ್ಲ. ನೊರೆ ಹಚ್ಚುತ್ತಾನೆ, ಕತ್ತಿ ಮಸೆಯುತ್ತಾನೆ, ಕತ್ತಿಯನ್ನು ಕೊರಳಿನ ಮೇಲಿಟ್ಟು ಎಳೆಯುತ್ತಾನೆ. ಬೇರೆ ಸಂಕಲನಕಾರರು ಇದನ್ನು ನಾಲ್ಕು ನೋಟಗಳಲ್ಲಿ ಮುಗಿಸಿ ಮುಂದಿನ ಓಟಕ್ಕೆ ಹೋಗುತ್ತಿದ್ದರು. ಇಲ್ಲಿ ಕ್ಷೌರಕ್ಕೆ ಬೇಕಾಗುವ ಕಾಲ ನಮಗೂ ಬೇಕಾಗುತ್ತದೆ; ನಮ್ಮ ಕೊರಳಿನ ಮೇಲೆಯೇ ಕತ್ತಿ ಇದ್ದಂತೆ ಕುಳಿತಿರುತ್ತೇವೆ. ಕೊನೆಗೆ ಆತ ಹಣ ಕೊಟ್ಟು ಹೊರಡಲು ಅನುವಾದಾಗ, ಕ್ಷೌರಿಕ ಒಳಗೆ ಹೋಗಿ ಬೇರೆ ಬಣ್ಣದ ಒಂದು ಹಳೆಯ ಕೋಟನ್ನು ತಂದು ಕೊಡುತ್ತಾನೆ, ಗುರುತು ಸಿಗದಂತೆ ಹಾಕಿಕೊಂಡು ಹೋಗಲೆಂದು. ಅಷ್ಟೇ. ಆತನನ್ನು ನಾವು ಮತ್ತೆ ಕಾಣುವುದಿಲ್ಲ. ಆ ಮೌನವನ್ನು ಅರ್ಧಕ್ಕೆ ಇಳಿಸಿದ್ದರೆ ಆ ಕೋಟಿನ ಬೆಲೆಯೂ ಅರ್ಧವಾಗುತ್ತಿತ್ತು.

ಇನ್ನೊಂದು ಸನ್ನಿವೇಶವಿದೆ, ಮನೆಮಂದಿಯೆಲ್ಲ ಓದುವ ಪುಟದಲ್ಲಿ ವಿಸ್ತರಿಸಲಾರೆ. ತಮ್ಮವರನ್ನೇ ಶತ್ರುವಿಗೆ ಹಿಡಿದುಕೊಟ್ಟ ಹುಡುಗನೊಬ್ಬನನ್ನು ಕೊಲ್ಲಲು ಬಾಡಿಗೆಗೆ ಹಿಡಿದ ಮನೆಗೆ ಕರೆತಂದಿದ್ದಾರೆ. ಪಕ್ಕದ ಮನೆಗೆ ಸಂಸಾರ ಬಂದುಬಿಟ್ಟಿದೆ. ಪಿಸ್ತೂಲಿನ ಸದ್ದು ಕೇಳಿಸೀತು. ಯಾರೂ ಹಿಂದೆ ಕೊಂದವರಲ್ಲ. ಏನು ಮಾಡುವುದೆಂದು ಆ ಹುಡುಗನ ಎದುರಿನಲ್ಲಿಯೇ ಅವರು ಚರ್ಚಿಸುತ್ತಾರೆ. ಕತ್ತರಿಯ ಕರುಣೆ ನಮಗೆ ಅಲ್ಲಿ ದೊರೆಯುವುದಿಲ್ಲ. ಕಣ್ಣು ಬೇರೆ ಕಡೆ ಹೊರಳಿಸಲು ನಮಗೊಂದು ಕಿಟಕಿಯನ್ನೂ ಆ ಸಂಕಲನ ಬಿಟ್ಟುಕೊಡುವುದಿಲ್ಲ.

ಈ ಚಿತ್ರದ ಸಂಕಲನದಲ್ಲಿ ಎಲ್ಲಕ್ಕಿಂತ ದೊಡ್ಡ ನಿರ್ಧಾರ ಕತ್ತರಿಸಿದ್ದಲ್ಲ, ಸ್ಥಳ ಬದಲಿಸಿದ್ದು. ಪ್ಯಾರಿಸಿನ ವಿಜಯದ್ವಾರದ ಬಳಿ ಜರ್ಮನ್ ಸೈನಿಕರು ಕವಾಯತಿನ ಹೆಜ್ಜೆಯಲ್ಲಿ ಬರುವ ಒಂದು ನೋಟವನ್ನು ಮೆಲ್ವಿಲ್ ವಿಶೇಷ ಅನುಮತಿ ಪಡೆದು ಚಿತ್ರಿಸಿದ್ದ. ಕ್ಯಾಮೆರಾ ಕದಲುವುದಿಲ್ಲ, ದೂರದಲ್ಲಿ ಹೊರಳಿದ ಪಡೆ ನಮ್ಮತ್ತಲೇ ಬರುತ್ತದೆ, ಹತ್ತಿರ, ಇನ್ನೂ ಹತ್ತಿರ. ಇದು ಚಿತ್ರದ ಕೊಟ್ಟಕೊನೆಯ ನೋಟವಾಗಿತ್ತು. ಮೆಲ್ವಿಲ್‌ಗೆ ಸಮಾಧಾನವಾಗಲಿಲ್ಲ. ಅದನ್ನು ಕೊನೆಯಿಂದ ಕಿತ್ತು ಚಿತ್ರದ ಮೊಟ್ಟಮೊದಲಿಗೆ ಇಟ್ಟರು. ಕೊನೆಯಲ್ಲಿದ್ದಾಗ ಅದು ಸೋಲಿನ ಮಾತಾಗುತ್ತಿತ್ತು. ಮೊದಲಿಗೆ ಬಂದೊಡನೆ ಅದು ಚಿತ್ರದುದ್ದಕ್ಕೂ ಎಲ್ಲರ ತಲೆಯ ಮೇಲೆ ತೂಗುವ ಭಾರವಾಯಿತು. ಒಂದು ಚಿತ್ರವನ್ನೂ ಕೂಡಿಸಲಿಲ್ಲ, ಒಂದನ್ನೂ ಕಳೆಯಲಿಲ್ಲ. ಮೊತ್ತ ಮಾತ್ರ ಬೇರೆಯಾಯಿತು. ನನ್ನ ಮೊಮ್ಮಗಳ ಗಣಿತದ ಪುಸ್ತಕದಲ್ಲಿ, ಕೂಡುವ ಸಂಖ್ಯೆಗಳ ಸ್ಥಾನ ಬದಲಿಸಿದರೂ ಮೊತ್ತ ಬದಲಾಗದು ಎಂದು ಅಚ್ಚಾಗಿದೆ. ಈ ಸಂಕಲನ ಆ ನಿಯಮಕ್ಕೆ ಒಳಪಟ್ಟಿದ್ದಲ್ಲವೆಂದು ಅವಳಿಗೆ ಹೇಳಬೇಕು.

ಚಿತ್ರ ೧೯೬೯ರ ಸೆಪ್ಟೆಂಬರಿನಲ್ಲಿ ಬಿಡುಗಡೆಯಾಯಿತು. ಕಾಲ ಕೂಡಿಬರಲಿಲ್ಲ. ಹಿಂದಿನ ವರ್ಷದ ಮೇ ತಿಂಗಳಿನಲ್ಲಿ ವಿದ್ಯಾರ್ಥಿಗಳೂ ಕಾರ್ಮಿಕರೂ ದಗಾಲ್ ಸರ್ಕಾರದ ವಿರುದ್ಧ ಬೀದಿಗಿಳಿದಿದ್ದರು. ಈ ಚಿತ್ರದಲ್ಲಿ ದಗಾಲ್‌ನನ್ನು ಗೌರವದಿಂದ ತೋರಿಸುವ ಒಂದು ಸಣ್ಣ ಸನ್ನಿವೇಶವಿದೆ. ಅಷ್ಟೇ ಸಾಕಾಯಿತು, ತರುಣ ವಿಮರ್ಶಕರು ಇದು ಸರ್ಕಾರದ ಭಜನೆಯೆಂದು ಮೂಗು ಮುರಿದರು. ಚಿತ್ರದಲ್ಲಿ ವೀರರನ್ನು ಹೊಗಳುವ ಒಂದು ಮಾತೂ ಇಲ್ಲ. ಕೊನೆಯಲ್ಲಿ ಪ್ರತಿಯೊಬ್ಬನೂ ಹೇಗೆ ಸತ್ತನೆಂದು ಒಂದೊಂದು ಸಾಲಿನಲ್ಲಿ ಬರೆದು ತೋರಿಸುತ್ತಾರೆ, ಅಷ್ಟೆ. ಭಜನೆ ಹೀಗಿರುತ್ತದೆಯೇ? ಅಮೆರಿಕದಲ್ಲಿ ಆಗ ಅದು ಬಿಡುಗಡೆಯೇ ಆಗಲಿಲ್ಲ. ಹೀಗೆ, ಒಂದೇ ಕೈಯಿಂದ ಒಂದೇ ವರ್ಷ ಬಂದ ಎರಡು ಕೃತಿಗಳಲ್ಲಿ ಒಂದಕ್ಕೆ ಚಿನ್ನದ ಬೊಂಬೆ, ಇನ್ನೊಂದಕ್ಕೆ ಕಪಾಟಿನ ಮೂಲೆ. ನನ್ನನ್ನು ಕೇಳಿದರೆ ಇವೆರಡರಲ್ಲಿ ಹಿರಿದು ಎರಡನೆಯದೇ. ವೇಗವನ್ನು ಕಲಿಸಬಹುದು, ಎಷ್ಟು ಹೊತ್ತು ಕಾಯಬೇಕೆಂಬುದನ್ನು ಕಲಿಸುವುದು ಕಷ್ಟ. ಆದರೆ 'ಝಡ್' ನೋಡಿ ಕಣ್ಣರಳಿಸಿದ ಮಿತ್ರರೊಬ್ಬರು ನನ್ನ ಈ ಅಭಿಪ್ರಾಯವನ್ನು ವಯಸ್ಸಿನ ದೋಷವೆಂದು ಹೇಳಿರುವುದನ್ನೂ ಇಲ್ಲಿ ಕಾಣಿಸಬೇಕು.

ಇದರಲ್ಲಿ ದಿಗ್ದರ್ಶಕನ ಪಾಲೆಷ್ಟು, ಸಂಕಲನಕಾರ್ತಿಯ ಪಾಲೆಷ್ಟು ಎಂದು ವಾಚಕರು ಕೇಳಬಹುದು. ಹೊರಗಿನವರು ಯಾರೂ ಹೇಳಲಾರರು. ಸಾರಿನ ರುಚಿಯಲ್ಲಿ ಹುಣಿಸೆಯದೆಷ್ಟು, ಬೇಳೆಯದೆಷ್ಟು ಎಂದು ತೂಗಿ ಹೇಳಿದವರುಂಟೆ? ಹೇಳಬಹುದಾದದ್ದು ಇಷ್ಟು: ಅವಸರದ ಗಾವ್ರಾಸನೂ ನಿಧಾನದ ಮೆಲ್ವಿಲ್ಲನೂ ಒಬ್ಬಳ ಬಳಿಗೇ ಬಂದರು, ಇಬ್ಬರಿಗೂ ಅವರವರ ಚಿತ್ರವೇ ದೊರೆಯಿತು. ಸ್ವಂತ ಗುರುತನ್ನು ಎಲ್ಲದರ ಮೇಲೂ ಒತ್ತುವವರಿಂದ ಇದು ಆಗದು.

ಗಾವ್ರಾಸನೊಡನೆ ಆಕೆಯ ಕೆಲಸ ಮುಂದುವರಿಯಿತು. ೧೯೭೦ರ 'ತಪ್ಪೊಪ್ಪಿಗೆ'ಯಲ್ಲಿ ಪ್ರಾಗ್ ನಗರದ ಕಮ್ಯೂನಿಸ್ಟ್ ಸರ್ಕಾರ ತನ್ನ ನಾಯಕರ ಬಾಯಿಂದಲೇ ಸುಳ್ಳು ಅಪರಾಧಗಳನ್ನು ಒಪ್ಪಿಸಿದ ಕಥೆ. ೧೯೭೨ರ ಚಿತ್ರದಲ್ಲಿ ದಕ್ಷಿಣ ಅಮೆರಿಕದಲ್ಲಿ ಚಿತ್ರಹಿಂಸೆಯ ಪಾಠ ಹೇಳಿಕೊಟ್ಟವರ ಕಥೆ. ೧೯೭೫ರಲ್ಲಿ ಜರ್ಮನರ ಮನವೊಲಿಸಲು ಸ್ವದೇಶದವರನ್ನೇ ಬಲಿಗೊಟ್ಟ ಫ್ರೆಂಚ್ ನ್ಯಾಯಾಲಯದ ಕಥೆ. ಬಲದವರು, ಎಡದವರು, ತಮ್ಮವರು, ಯಾರನ್ನೂ ಬಿಡಲಿಲ್ಲ. ಇವುಗಳ ನಡುವೆ ಪೊಲಾನ್‌ಸ್ಕಿಯ 'ಬಾಡಿಗೆದಾರ', ಝಾನ್ ಝಾಕ್ ಅನೋನ ಮೊದಲ ಚಿತ್ರ, ಹೀಗೆ ಬೇರೆ ಬೇರೆ ದಿಗ್ದರ್ಶಕರ ಕೆಲಸವೂ ನಡೆದಿತ್ತು.

೧೯೮೨ರಲ್ಲಿ ಗಾವ್ರಾಸ್ ಅಮೆರಿಕದ ಹಣದಿಂದ ತೆಗೆದ 'ಮಿಸ್ಸಿಂಗ್' ಬಂದಿತು. ೧೯೭೩ರ ಸೆಪ್ಟೆಂಬರಿನಲ್ಲಿ ಚಿಲಿ ದೇಶದಲ್ಲಿ ಸೇನೆ ದಂಗೆಯೆದ್ದಾಗ ಕಾಣೆಯಾದ ಚಾರ್ಲ್ಸ್ ಹಾರ್ಮನ್ ಎಂಬ ತರುಣ ಅಮೆರಿಕನ್ ಪತ್ರಕರ್ತನನ್ನು ಹುಡುಕಿಕೊಂಡು ಬಂದ ತಂದೆಯ ಕಥೆ ಇದು. ತಂದೆಯಾಗಿ ಜ್ಯಾಕ್ ಲೆಮನ್. ತನ್ನ ಸರ್ಕಾರದ ಮೇಲೆ ಪೂರ್ಣ ನಂಬಿಕೆಯಿಟ್ಟು ಬಂದ ಆ ಗೃಹಸ್ಥ, ಕಚೇರಿಯಿಂದ ಕಚೇರಿಗೆ ಅಲೆದು, ಆಸ್ಪತ್ರೆ, ಕ್ರೀಡಾಂಗಣ, ಶವಾಗಾರಗಳನ್ನು ಹೊಕ್ಕು ಬರುವಾಗ ಆತನ ಮುಖ ಸ್ವಲ್ಪಸ್ವಲ್ಪವಾಗಿ ಬದಲಾಗುತ್ತದೆ. ಇಲ್ಲಿ 'ಝಡ್' ಚಿತ್ರದ ಮಿಂಚೂ ಇದೆ, 'ನೆರಳುಗಳ ಸೇನೆ'ಯ ತಾಳ್ಮೆಯೂ ಇದೆ. ಕರ್ಫ್ಯೂ ವಿಧಿಸಿದ ರಾತ್ರಿ ನಿರ್ಜನವಾದ ಬೀದಿಯಲ್ಲಿ ಒಂದು ಬಿಳಿಯ ಕುದುರೆ ಓಡಿಹೋಗುತ್ತದೆ, ಸೈನಿಕರ ವಾಹನ ಅದರ ಬೆನ್ನಟ್ಟುತ್ತದೆ. ಏಕೆಂದು ಚಿತ್ರ ಹೇಳುವುದಿಲ್ಲ. ಒಮ್ಮೆ ನೋಡಿದವರು ಮರೆಯುವುದಿಲ್ಲ. ಈ ಚಿತ್ರ ಕಾನ್ ಉತ್ಸವದ ಅತ್ಯುನ್ನತ ಬಹುಮಾನವನ್ನು ತುರ್ಕಿಯ 'ಯೋಲ್' ಚಿತ್ರದೊಡನೆ ಹಂಚಿಕೊಂಡಿತು. ಫ್ರಾನ್ಸ್ವಾಜ್‌ಗೆ ಸಂಕಲನಕ್ಕಾಗಿ ಬ್ರಿಟನ್ನಿನ ಚಲಚ್ಚಿತ್ರ ಅಕಾಡೆಮಿಯ ಪ್ರಶಸ್ತಿ ದೊರೆಯಿತು.

ಆಮೇಲೆ ಆಕೆಗೆ ಹಾಲಿವುಡ್ಡಿನ ಕರೆಗಳು ಬಂದವು. ಮೈಕೇಲ್ ಚಿಮಿನೊಗಾಗಿ ಎರಡು ಚಿತ್ರಗಳು. ಕೊಲಂಬಸನ ಯಾತ್ರೆಯನ್ನು ಕುರಿತ ರಿಡ್ಲಿ ಸ್ಕಾಟನ ಚಿತ್ರಕ್ಕೆ ಹಲವರೊಡನೆ ಒಬ್ಬಳಾಗಿ ಕೆಲಸ. ಇವು ಆಕೆಯ ಕೀರ್ತಿಯನ್ನು ಹೆಚ್ಚಿಸಿದವೆಂದು ನನಗನಿಸುವುದಿಲ್ಲ. ಅರುವತ್ತರ ಹತ್ತಿರ ಬಂದಾಗ ಮಾತ್ರ ಆಕೆಗೆ ಹೊಸ ಜೊತೆಯೊಂದು ಸಿಕ್ಕಿತು: ರಂಗಭೂಮಿಯಿಂದ ಬಂದ ಜೂಲಿ ಟೇಮರ್ ಎಂಬ ದಿಗ್ದರ್ಶಕಿ. ಷೇಕ್ಸ್‌ಪಿಯರನ ಅತ್ಯಂತ ರಕ್ತಮಯ ನಾಟಕವನ್ನು ಆಧರಿಸಿದ 'ಟೈಟಸ್' ೧೯೯೯ರಲ್ಲಿ, ಮೆಕ್ಸಿಕೊ ದೇಶದ ಚಿತ್ರಕಲಾವಿದೆ ಫ್ರೀಡಾ ಕಾಹ್ಲೊಳ ಜೀವನವನ್ನು ಕುರಿತ 'ಫ್ರೀಡಾ' ೨೦೦೨ರಲ್ಲಿ ಬಂದವು. ತಾಯಿಯ ಬಳಿ ಬಿಳಿಯ ಕೈಕವಚ ತೊಟ್ಟು ಕಲಿತವಳು, ಕತ್ತರಿಯೂ ಇಲ್ಲದ ಫಿಲ್ಮೂ ಇಲ್ಲದ ಗಣಕಯಂತ್ರದ ಯುಗಕ್ಕೆ ಬಂದು ಮುಟ್ಟಿದ್ದಳು.

೨೦೦೬ರ ವಸಂತದಲ್ಲಿ ಒಂದು ವಿಚಿತ್ರ ನಡೆಯಿತು. 'ನೆರಳುಗಳ ಸೇನೆ'ಯ ಪ್ರತಿಯನ್ನು ಶುದ್ಧಗೊಳಿಸಿ ಅಮೆರಿಕದ ಚಿತ್ರಮಂದಿರಗಳಲ್ಲಿ ಮೊದಲ ಬಾರಿಗೆ ಬಿಡುಗಡೆ ಮಾಡಿದರು. ಮೂವತ್ತೇಳು ವರ್ಷದ ಹಳೆಯ ಚಿತ್ರ. ಅಲ್ಲಿನ ವಿಮರ್ಶಕರು ಬೆರಗಾದರು. ನ್ಯೂಯಾರ್ಕಿನ ವಿಮರ್ಶಕರ ಮಂಡಲಿ ಅದನ್ನು ಆ ವರ್ಷದ ಶ್ರೇಷ್ಠ ವಿದೇಶೀ ಚಿತ್ರವೆಂದು ಆರಿಸಿತು. ಮೆಲ್ವಿಲ್ ೧೯೭೩ರಲ್ಲಿಯೇ ತೀರಿಕೊಂಡಿದ್ದ. ಲಿನೊ ವೆಂಚುರಾ, ಸಿಮೋನ್ ಸಿನ್ಯೊರೆ ಇಬ್ಬರೂ ಇರಲಿಲ್ಲ. ಕೋಟು ಕೊಟ್ಟ ಕ್ಷೌರಿಕನ ಪಾತ್ರ ಮಾಡಿದ್ದ ಸೆರ್ಜ್ ರೆಜಿಯಾನಿಯೂ ಎರಡು ವರ್ಷದ ಹಿಂದೆ ಹೋಗಿಬ್ಬಿಟ್ಟಿದ್ದ. ಆ ಹಳೆಯ ಕೊಠಡಿಯ ಕೆಲಸವನ್ನು ಕುರಿತು ಮಾತನಾಡಲು ಫ್ರಾನ್ಸ್ವಾಜ್ ಬೊನೊ ಉಳಿದಿದ್ದಳು. ಆಕೆಗೆ ಆಗ ೬೬ ವರ್ಷ. ಬೀಟಲ್ಸ್ ಗಾಯಕರ ಹಾಡುಗಳನ್ನು ಪೋಣಿಸಿದ ಟೇಮರಳ ಹೊಸ ಚಿತ್ರ ಮರುವರ್ಷ ಆಕೆಯ ಸಂಕಲನದಲ್ಲಿಯೇ ತೆರೆಗೆ ಬಂದಿತು.

೨೦೧೮ರ ಜೂನ್ ೯ರಂದು ಪ್ಯಾರಿಸಿನಲ್ಲಿ ಆಕೆ ತೀರಿಕೊಂಡಳು. ಕಳೆದ ಭಾನುವಾರ ಮೊಮ್ಮಗಳನ್ನು ಕೂಡಿಸಿಕೊಂಡು 'ನೆರಳುಗಳ ಸೇನೆ'ಯ ಮೊದಲ ನೋಟವನ್ನಷ್ಟೇ ತೋರಿಸಿದೆ. ಮುಂದಿನದು ಅವಳ ವಯಸ್ಸಿಗಲ್ಲ. ವಿಜಯದ್ವಾರದ ಬಳಿಯಿಂದ ಸೈನಿಕರು ನಮ್ಮತ್ತ ನಡೆದು ಬಂದರು. "ಇದರಲ್ಲಿ ಎಲ್ಲಿಯೂ ಕತ್ತರಿಸಿಯೇ ಇಲ್ಲವಲ್ಲ ತಾತ" ಎಂದಳು. ಇಲ್ಲವೆಂದೆ. ಆಮೇಲೆ ಹೆಸರುಗಳು ಬಂದವು. ಅವಳು ಒಂದೊಂದನ್ನೂ ಅಕ್ಷರ ಕೂಡಿಸಿ ಓದತೊಡಗಿದಳು.